ಹೋಪ್‌ವೆಲ್ ಹಡಗಿನ ಕುದುರೆಯಾಳು

ನನ್ನ ತಮ್ಮ ಅಸಾಹೆಲ್ ಇಪ್ಪತ್ತಾರು ಕುದುರೆಗಳನ್ನು ತನ್ನ ಕೈಯಾರೆ ಸಮುದ್ರಕ್ಕೆ ತಳ್ಳಿದ. ಇದು ನಿಜ. ಈ ಒಂದು ನಿಜದ ಬಾಲ ಹಿಡಿದುಕೊಂಡು ನ್ಯೂ ಲಂಡನ್ನಿನ ದಕ್ಕೆಯ ಮೇಲೆ ಜನ ಆಡುವ ಉಳಿದ ಮಾತೆಲ್ಲ ಸುಳ್ಳು. ಹನ್ನೆರಡು ವರ್ಷದಿಂದ ಕೇಳಿ ಕೇಳಿ ನನ್ನ ಕಿವಿ ತೂತು ಬಿದ್ದಿದೆ. ಹೆಂಗಸು, ಹಡಗು ಹತ್ತಿದವಳಲ್ಲ, ಇವಳಿಗೇನು ಗೊತ್ತು ಎನ್ನುವವರು ಅನ್ನಲಿ. ಹಡಗು ಹತ್ತಿದವರು ಹೇಳಿದ ಚಂದವನ್ನು ನೋಡಿಯಾಯಿತಲ್ಲ.

ಗಂಟಲುಬೇನೆ ಬಂದು ಅಪ್ಪ ಅಮ್ಮ ಒಂದೇ ವಾರದಲ್ಲಿ ಹೋದಾಗ ನನಗೆ ಹದಿನಾರು, ಅವನಿಗೆ ಏಳು. ನಾನೇ ಸಾಕಿದೆ. ಮದುವೆಯಾಗಿ ರೂಫಸ್‌ನ ಮನೆಗೆ ಬರುವಾಗಲೂ ಕೈ ಹಿಡಿದುಕೊಂಡು ಬಂದೆ. ಮದುವೆಯ ದಿನ ರೂಫಸ್ ಎಲ್ಲರೆದುರು ನಕ್ಕಿದ್ದ. "ಹಸು ಬಳುವಳಿ ಕೊಡೋ ಮಾವಂದಿರಿದ್ದಾರೆ, ಹಂದಿ ಕೊಡೋರಿದ್ದಾರೆ. ನಂಗೆ ನೋಡಿ, ಬಾಮೈದನ್ನ ಕೊಟ್ಟಿದ್ದಾರೆ. ಮೇವೂ ಹಾಕ್ಬೇಕು, ಹಾಲೂ ಕೊಡಲ್ಲ." ಆಗ ಅವನ ನಗುವಿನಲ್ಲಿ ಕಲ್ಮಶವಿರಲಿಲ್ಲ. ಹುಡುಗನಿಗೆ ಗಂಟು ಹಾಕುವುದನ್ನು ಕಲಿಸಿದವನು ಅವನೇ. ತಾನು ದುಡಿಯುತ್ತಿದ್ದ ಹೋಪ್‌ವೆಲ್ ಹಡಗಿಗೆ ಕರೆದುಕೊಂಡು ಹೋಗಿ ಕಪ್ತಾನ ಥರ್ಲೋ ಮುಂದೆ ನಿಲ್ಲಿಸಿ, ಇವನು ನನ್ನವನು ಎಂದವನೂ ಅವನೇ.

ಹೋಪ್‌ವೆಲ್ ಹಾಯಿ ಏರಿಸುವ ಒಂದೇ ಕೂವೆಮರದ ಸಣ್ಣ ಹಡಗು. ಆರು ಜನರಿದ್ದರೆ ಸಾಕು. ಹೊಟ್ಟೆಯೊಳಗೆ ಪೀಪಾಯಿಯ ಹಲಗೆ, ಉಪ್ಪುಮೀನು, ನಮ್ಮಂಥ ಹೆಂಗಸರು ಹೆಣೆದು ಕಳಿಸುವ ಈರುಳ್ಳಿಯ ಜಡೆ. ಮೇಲೆ ಬಯಲಿನಲ್ಲಿ, ಡೆಕ್ಕಿನ ಮೇಲೆ, ಎರಡು ಸಾಲಾಗಿ ಕುದುರೆಗಳು. ನದಿಯ ಮೇಲ್ಗಡೆಯ ರೈತರ ಕುದುರೆಗಳನ್ನು ಸಕ್ಕರೆ ದ್ವೀಪಗಳಿಗೆ ಒಯ್ಯುವುದು, ಅಲ್ಲಿಂದ ಕಾಕಂಬಿ ಮತ್ತು ಉಪ್ಪು ತರುವುದು. ವರ್ಷಕ್ಕೆ ಎರಡು ಸಲ, ಗಾಳಿ ಒಲಿದರೆ ಮೂರು ಸಲ. ಹಡಗು ನದಿಯ ಬಾಯಿ ದಾಟಿ ಅರ್ಧ ಗಳಿಗೆಯಾದರೂ ಲದ್ದಿಯ ವಾಸನೆ ಮಾತ್ರ ದಕ್ಕೆಯ ಮೇಲೇ ಇರುತ್ತಿತ್ತು.

ಅಸಾಹೆಲ್ ಆ ಹಡಗಿನ ಕುದುರೆಯಾಳು. ಹಾಯಿ ಕಟ್ಟುವುದು, ನೀರು ತೋಡುವುದು ಅವನಿಗೂ ಇತ್ತು, ಆದರೆ ಕುದುರೆ ಅವನೊಬ್ಬನದೇ. ಕುದುರೆಗೆ ವಾಂತಿ ಬರುವುದಿಲ್ಲ, ನಿಮಗೆ ಗೊತ್ತೋ ಇಲ್ಲವೋ. ಮನುಷ್ಯನಾದರೆ ಹಡಗಿನ ಅಂಚಿಗೆ ಹೋಗಿ ಕಕ್ಕಿ ಹಗುರಾಗುತ್ತಾನೆ. ಕುದುರೆ ಎಲ್ಲವನ್ನೂ ಒಳಗೇ ಇಟ್ಟುಕೊಂಡು ಸಾಯುತ್ತದೆ. ಬೇರೆ ಹಡಗುಗಳಲ್ಲಿ ಇಪ್ಪತ್ತು ಹತ್ತಿದರೆ ಹದಿನೈದು ಇಳಿದರೆ ಪುಣ್ಯ. ಇವನು ಒಂದೊಂದರ ಹೊಟ್ಟೆಯ ಕೆಳಗೂ ಹಳೆಯ ಹಾಯಿಬಟ್ಟೆಯ ಜೋಲಿ ಕಟ್ಟುತ್ತಿದ್ದ, ಹಡಗು ಹೊಯ್ದಾಡಿದಾಗ ಅವು ಕಾಲಿನ ಭಾರ ಇಳಿಸಿಕೊಳ್ಳಲಿ ಎಂದು. ಬಿಸಿಲೇರಿದಾಗ ಹುಳಿನೀರಲ್ಲಿ ಬಟ್ಟೆ ಅದ್ದಿ ಮೂಗು, ತುಟಿ ಒರೆಸುತ್ತಿದ್ದ. ಕೋಲು ಮುಟ್ಟಿದವನಲ್ಲ. ಐದು ವಾರದ ದಾರಿಯಲ್ಲಿ ಒಂದು ಕುದುರೆ ಸತ್ತರೆ ಮನೆಗೆ ಬಂದು ಎರಡು ದಿನ ಊಟ ಸರಿಯಾಗಿ ಮಾಡುತ್ತಿರಲಿಲ್ಲ.

"ಅಲ್ಲಿ ಹೋಗಿ ಕಬ್ಬಿನ ಗಾಣ ತಿರುಗಿಸಿ ಎರಡು ವರ್ಷಕ್ಕೆ ಸಾಯೋ ಕುದುರೆಗೆ ಇಷ್ಟೊಂದು ಉಪಚಾರ ಯಾಕೋ?" ಎಂದು ಒಮ್ಮೆ ಕೇಳಿದೆ.

"ದಾರೀಲಾದ್ರೂ ನೆಮ್ಮದಿಯಾಗಿರ್ಲಿ ಅಕ್ಕಾ. ಅಲ್ಲಿ ಏನಾಗತ್ತೋ ಅದು ನನ್ನ ಕೈಲಿಲ್ಲ," ಎಂದ. ಅಲ್ಲಿ ಕುದುರೆಗಿಂತ ಮನುಷ್ಯರನ್ನು ದುಡಿಸುವುದೇ ಕೆಟ್ಟದಾಗಿದೆ ಎಂದೂ ಹೇಳಿದ. ಅದನ್ನು ಒಂದೇ ಸಲ ಹೇಳಿದ, ಆಮೇಲೆ ಆ ಮಾತೆತ್ತಲಿಲ್ಲ.

ನದಿಯ ಮೇಲಿನ ರೈತರು ಅವನ ಹೆಸರು ಕೇಳಿಯೇ ಕುದುರೆ ಕೊಡುತ್ತಿದ್ದರು. ಅಸಾಹೆಲ್ ಹೋಗುತ್ತಾನೋ? ಹಾಗಾದರೆ ಹೊಡೆದುಕೊಂಡು ಬರುತ್ತೇವೆ. ಹೊಲವಿಲ್ಲ, ಮನೆಯಿಲ್ಲ, ಅಕ್ಷರವಿಲ್ಲ. ಆ ಹೆಸರೊಂದೇ ಅವನ ಆಸ್ತಿ. ಅದು ಹೋದರೆ ಅವನು ಯಾರೂ ಅಲ್ಲ. ಅವನಿಗದು ಗೊತ್ತಿತ್ತು, ನನಗೂ ಗೊತ್ತಿತ್ತು, ನನ್ನ ಗಂಡನಿಗೆ ಎಲ್ಲರಿಗಿಂತ ಚೆನ್ನಾಗಿ ಗೊತ್ತಿತ್ತು.

ಬಿರುಗಾಳಿಯಲ್ಲಿ ಡೆಕ್ಕಿನ ಭಾರ ಇಳಿಸದೆ ಗತಿಯಿಲ್ಲ ಎಂದಾಗ ಕುದುರೆಗಳನ್ನು ಸಮುದ್ರಕ್ಕೆ ಬಿಡುತ್ತಾರೆ. ಕುದುರೆಯ ಹಡಗುಗಳಲ್ಲಿ ಇದೇನೂ ಹೊಸತಲ್ಲ. ಆದರೆ ಅದಕ್ಕೊಂದು ಕಟ್ಟಳೆಯಿದೆ. ಕಪ್ತಾನ ಹಡಗಿನಲ್ಲಿರುವ ಪ್ರತಿಯೊಬ್ಬನ ಮುಂದೆ ನಿಂತು, ಬಿಡೋಣವೋ ಬೇಡವೋ ಎಂದು ಕೇಳಬೇಕು. ಒಬ್ಬೊಬ್ಬನೂ ಬಾಯಿಬಿಟ್ಟು ಹೂಂ ಅನ್ನಬೇಕು. ಹಾಗೆ ಕೇಳಿ ಬಿಟ್ಟರೆ ಅದು ದೇವರು ಕೊಟ್ಟ ಕಷ್ಟ, ನಷ್ಟವನ್ನು ಎಲ್ಲರೂ ಹಂಚಿಕೊಳ್ಳುತ್ತಾರೆ, ಯಾರ ಹೆಸರೂ ಕೆಡುವುದಿಲ್ಲ. ಕೇಳದೆ ಬಿಟ್ಟರೆ ಬಿಟ್ಟವನ ತಲೆಯ ಮೇಲೆ.

ಆ ವರ್ಷ ಅಕ್ಟೋಬರಿನಲ್ಲಿ ಹೋಪ್‌ವೆಲ್ ಹೊರಟಿತು. ದಕ್ಕೆಯಲ್ಲಿ ಹತ್ತಿದ್ದು ಇಪ್ಪತ್ತು ಕುದುರೆ. ಡೆಕ್ಕು ಹಿಡಿಯುವುದೇ ಅಷ್ಟು. ಊರು ಮರೆಯಾದ ಮೇಲೆ ನದಿಯ ಬಾಯಿಯ ಮರಳದಂಡೆಯಲ್ಲಿ ಕಪ್ತಾನ ಲಂಗರು ಹಾಕಿಸಿ, ಹಡಗಿನ ಒಡೆಯ ಸಾಹುಕಾರನಿಗೆ ತಿಳಿಸದೆ ತನ್ನದೇ ಆರು ಕುದುರೆ ಹತ್ತಿಸಿಕೊಂಡ. ಅಸಾಹೆಲ್ ಬೇಡ ಎಂದನಂತೆ. "ಇಪ್ಪತ್ತಕ್ಕೆ ಜೋಲಿ ಕಟ್ಟಿದೀನಿ ಕಪ್ತಾನರೇ. ಇನ್ನಾರು ಬಂದ್ರೆ ಯಾವ್ದಕ್ಕೂ ಕಾಲೂರೋಕೆ ಜಾಗ ಇರಲ್ಲ." ಕಪ್ತಾನ ಅವನ ಬೆನ್ನು ತಟ್ಟಿದನಂತೆ. "ನೀನಿದ್ದೀಯಲ್ಲೋ ಮಗನೇ, ನಂಗ್ಯಾವ ಚಿಂತೆ." ಮಗನೇ ಎನ್ನುವುದಕ್ಕೆ ಕಾರಣವಿತ್ತು. ಮೂರು ವರ್ಷದ ಹಿಂದೆ ದ್ವೀಪದಲ್ಲಿ ಕಪ್ತಾನನಿಗೆ ಹಳದಿಜ್ವರ ಬಂದಾಗ ಉಳಿದವರೆಲ್ಲ ದೂರ ನಿಂತರು. ಅವನ ಮಲಮೂತ್ರ ಬಳಿದು ಬದುಕಿಸಿದವನು ನನ್ನ ತಮ್ಮ.

ಹದಿನೆಂಟನೇ ದಿನ ಹೋಪ್‌ವೆಲ್ ಹಿಂದಿರುಗಿ ಬಂತು. ನಾನು ಅಂಗಳದಲ್ಲಿ ಈರುಳ್ಳಿ ಹೆಣೆಯುತ್ತ ಕೂತಿದ್ದೆ. ತಲೆಯೆತ್ತಿ ನೋಡಿದರೆ ಹಡಗಿನ ಒಂದು ಪಕ್ಕದ ಕಟಕಟೆ ಪೂರಾ ಕಿತ್ತುಹೋಗಿದೆ, ಡೆಕ್ಕಿನ ಮೇಲೆ ಒಂದು ಕುದುರೆಯ ಕಿವಿಯೂ ಕಾಣುತ್ತಿಲ್ಲ. ಎದ್ದು ಓಡಿದೆ. ಅರ್ಧ ದಾರಿಯಲ್ಲಿ ರೂಫಸ್ ಸಿಕ್ಕಿದ, ಅಸಾಹೆಲ್‌ನನ್ನು ಹೆಗಲ ಮೇಲೆ ಹೊತ್ತುಕೊಂಡು ಬರುತ್ತಿದ್ದ. ಹುಡುಗನ ಬಲಗೈಯ ಎರಡು ಬೆರಳು ಬುಡದಿಂದಲೇ ಹೋಗಿದ್ದವು, ಅಂಗೈಯ ಚರ್ಮ ಸುಲಿದು ಜ್ವರ ಏರಿತ್ತು. "ನೀರು ಕಾಯ್ಸು ಜೆರುಷಾ," ಎಂದ ರೂಫಸ್. ಅವನ ಕಣ್ಣಲ್ಲಿ ನೀರಿತ್ತು. ಆ ಕಣ್ಣೀರು ಸುಳ್ಳಾಗಿರಲಿಲ್ಲ ಎಂದು ಇವತ್ತಿಗೂ ನಂಬುತ್ತೇನೆ. ಅದಕ್ಕೇ ಹೊಟ್ಟೆ ಇನ್ನಷ್ಟು ಉರಿಯುತ್ತದೆ.

ಮಾರನೇ ದಿನ ಅಸಾಹೆಲ್‌ಗೆ ಸ್ವಲ್ಪ ಎಚ್ಚರ ಬಂದಾಗ ನಡೆದದ್ದನ್ನು ಹೇಳಿದ. ಮೂರು ದಿನ ಗಾಳಿ. ನಾಲ್ಕನೇ ಬೆಳಿಗ್ಗೆ ಹಡಗು ಒಂದು ಮಗ್ಗುಲಿಗೆ ವಾಲಿ ಮೇಲೇಳಲೇ ಇಲ್ಲ. ಇಕ್ಕಟ್ಟಿನಲ್ಲಿ ಕುದುರೆಗಳು ಒಂದರ ಮೇಲೊಂದು ಬಿದ್ದು ಕಾಲು ಮುರಿದುಕೊಂಡವು.

"ಕಪ್ತಾನರು ಎಲ್ಲಿದ್ರು?"

"ಕೋಣೆ ಒಳಗೆ. ಅಗಳಿ ಹಾಕ್ಕೊಂಡಿದ್ರು. ರಮ್ಮಿನ ವಾಸ್ನೆ ಬಾಗಿಲಾಚೆಗೂ ಬರ್ತಿತ್ತು. ನಾನೂ ಭಾವನೂ ಹೋಗಿ ಬಾಗಿಲು ಬಡಿದ್ವಿ. ಹೊರಗೆ ಬನ್ನಿ ಕಪ್ತಾನರೇ, ಎಲ್ಲರನ್ನೂ ಕೇಳ್ಬೇಕು, ಕುದುರೆ ಬಿಡದಿದ್ರೆ ಹಡಗು ಉಳಿಯಲ್ಲ ಅಂದೆ. ಒಳಗಿಂದ್ಲೇ ಕೂಗಿದ್ರು, ಎಲ್ಲಾನೂ ತಳ್ಳು, ನನ್ನ ಪ್ರಾಣ ತಿನ್ಬೇಡ ಅಂತ."

"ಆಮೇಲೆ?"

"ಅವ್ರು ಬರ್ದಿದ್ರೂ ಕಟ್ಟಳೆ ಬಿಡಬಾರ್ದಲ್ಲ. ನಾನೇ ನಾಲ್ಕು ಜನಾನೂ ಕೇಳ್ದೆ. ಭಾವನ್ನೇ ಮೊದ್ಲು ಕೇಳ್ದೆ. ಎಲ್ಲರೂ ಹೂಂ ಅಂದ್ರು."

"ಸರಿ, ನಾಲ್ಕು ಜನ ಇದ್ರಲ್ಲ. ನೀನೊಬ್ನೇ ಯಾಕೋ ಮೈಮೇಲೆ ಹಾಕ್ಕೊಂಡೆ?"

"ಬೇರೆಯವ್ರು ಮುಟ್ಟಿದ್ರೆ ಬೆದರ್ತಿದ್ವು ಅಕ್ಕಾ. ನನ್ನ ಕೈ ಅವಕ್ಕೆ ಅಭ್ಯಾಸ. ನೀವ್ಯಾರೂ ಹಗ್ಗ ಮುಟ್ಬೇಡಿ ಅಂತ ದೂರ ಕಳಿಸ್ದೆ. ತಲೆಗೆ ಗೋಣಿಚೀಲ ಕಟ್ಟಿ, ಕಿವಿ ಉಜ್ಜಿ, ದಿನಾ ನೀರಿಗೆ ಕರ್ಕೊಂಡು ಹೋಗೋ ಹಾಗೇ ನಡೆಸ್ದೆ. ಬಂದ್ವು. ನನ್ನ ನಂಬಿ ಬಂದ್ವು." ಹಾಗೆಂದವನು ಗೋಡೆಯ ಕಡೆ ತಿರುಗಿ ಮಲಗಿದ. ಕೊನೆಯ ಕುದುರೆಯ ಹಗ್ಗ ಕೈಗೆ ಸುತ್ತಿಕೊಂಡು ಬೆರಳು ಹೋದದ್ದನ್ನು ಎರಡು ದಿನ ಬಿಟ್ಟು ಹೇಳಿದ. ಮಧ್ಯಾಹ್ನ ಗಾಳಿ ತಗ್ಗಿದ ಮೇಲೆ ಕಪ್ತಾನ ಹೊರಗೆ ಬಂದು ಬರಿದಾದ ಡೆಕ್ಕನ್ನು ನೋಡಿ ಕೂತುಬಿಟ್ಟನಂತೆ.

ಅವನು ಇದನ್ನೆಲ್ಲ ನನಗೆ ಹೇಳುತ್ತಿದ್ದ ಆ ದಿನವೇ ರೂಫಸ್ ಬೇಗ ಊಟ ಮಾಡಿದ. ಹುರುಳಿಕಾಯಿ ಬೀಜ, ಹಂದಿಮಾಂಸ, ಬಿಸಿ ಮೆಕ್ಕೆಜೋಳದ ರೊಟ್ಟಿ ಬಡಿಸಿದ್ದೆ. ಗಂಡ ಸಾವಿನ ಬಾಯಿಂದ ಬಂದಿದ್ದಾನೆ ಎಂದು ರೊಟ್ಟಿಯ ಮೇಲೆ ಬೆಣ್ಣೆಯನ್ನೂ ಎರಡು ಪಟ್ಟು ಹಚ್ಚಿದ್ದೆ. ಎದ್ದು ಭಾನುವಾರದ ಅಂಗಿ ಹಾಕಿಕೊಂಡ.

"ಎಲ್ಲಿಗೆ?"

"ಕಪ್ತಾನರು ಕರೆದಿದ್ದಾರೆ. ಹಾಯಿ ಹರಿದಿದೆಯಲ್ಲ, ಹೊಲಿಯೋದಿದೆ."

"ಭಾನುವಾರದ ಅಂಗಿ ಹಾಕ್ಕೊಂಡು ಹಾಯಿ ಹೊಲೀತಾರಾ? ಯಾವಳಾದ್ರೂ ನೋಡ್ಲಿ ಅಂತಾನಾ?" ಎಂದು ತಮಾಷೆ ಮಾಡಿದೆ. ಅವನೂ ನಕ್ಕ. ಹೋಗುವ ಮುಂಚೆ ಅಸಾಹೆಲ್‌ನ ಹೊದಿಕೆ ಸರಿಮಾಡಿ ಹೋದ.

ಸರಕು ಕಳೆದುಕೊಂಡು ಬಂದ ಹಡಗಿನ ಕಪ್ತಾನ, ದಡ ಮುಟ್ಟಿದ ಮಾರನೇ ದಿನದೊಳಗೆ ಇಬ್ಬರು ನಾವಿಕರನ್ನು ಕರೆದುಕೊಂಡು ನ್ಯಾಯಾಧಿಕಾರಿಯ ಮುಂದೆ ಹೋಗಿ, ಏನಾಯಿತೆಂದು ದೇವರ ಮೇಲೆ ಪ್ರಮಾಣ ಮಾಡಿ ಬರೆಸಬೇಕು. ದಕ್ಕೆಯ ಹೆಂಗಸಾಗಿ ನನಗೆ ಇದು ಗೊತ್ತಿಲ್ಲದ್ದಲ್ಲ. ಅದರ ನೆನಪೇ ಆಗಲಿಲ್ಲ ನನಗೆ. ತಮ್ಮನ ಕೈಗೆ ಪಟ್ಟಿ ಕಟ್ಟುತ್ತಿದ್ದೆ.

ಎರಡು ವಾರ ಕಳೆದಿರಬೇಕು. ರೂಫಸ್ ಬಂದು, ಸಾಹುಕಾರರು ಹೊಸ ದೊಡ್ಡ ಹಡಗು ಕಟ್ಟಿಸುತ್ತಿದ್ದಾರೆ, ಥರ್ಲೋ ಅದರ ಕಪ್ತಾನ, ನಾನು ಉಪಕಪ್ತಾನ ಎಂದ. ನಾನು ಅವನ ಕೆನ್ನೆಗೆ ಮುತ್ತು ಕೊಟ್ಟೆ. ಅಸಾಹೆಲ್ ಹಾಸಿಗೆಯಿಂದೆದ್ದು ಎಡಗೈಯಲ್ಲಿ ಭಾವನ ಕೈ ಕುಲುಕಿದ. "ಇನ್ಮೇಲೆ ನಿನ್ನ ಮಾತು ಕೇಳ್ಬೇಕಲ್ಲಪ್ಪಾ ಭಾವಾ. ಹೊಸ ಹಡಗಲ್ಲಿ ಜೋಲಿ ಕಟ್ಟೋಕೆ ಕಬ್ಬಿಣದ ಕೊಕ್ಕೆ ಹಾಕ್ಸು, ಮರದ್ದು ತಡೆಯಲ್ಲ." ರೂಫಸ್ ಹೂಂ ಎಂದ. ಸೇಬಿನ ಹುಳಿರಸದ ಲೋಟ ಎತ್ತಿಕೊಂಡು ಬೆಂಕಿಯ ಹತ್ತಿರ ಹೋಗಿ ಕೂತ.

ಪ್ರತಿವರ್ಷ ಫೆಬ್ರವರಿ ಮುಗಿಯುವ ಮೊದಲೇ ನದಿಯ ಮೇಲಿನ ರೈತರು ಅಸಾಹೆಲ್‌ಗೆ ಹೇಳಿಕಳಿಸುವುದು ವಾಡಿಕೆ. ಬಂದು ಕುದುರೆ ನೋಡು, ಯಾವುದು ಸಮುದ್ರ ತಡೆಯುತ್ತದೆ ಹೇಳು ಎಂದು. ಆ ವರ್ಷ ಒಬ್ಬರೂ ಹೇಳಿಕಳಿಸಲಿಲ್ಲ. ಮಾರ್ಚಿನಲ್ಲಿ ಅವನೇ ನಡೆದುಕೊಂಡು ಹೋದ. ಒಬ್ಬ ರೈತ ಲಾಯದ ಬಾಗಿಲು ಹಾಕಿಕೊಂಡನಂತೆ. ಇನ್ನೊಬ್ಬನ ಹೆಂಡತಿ ನಾಯಿ ಬಿಟ್ಟಳಂತೆ. ತಿರುಗಿ ಬಂದವನು ನೇರ ಸಾಹುಕಾರನ ಮಳಿಗೆಗೆ ಹೋದ. ನಾನೂ ಬೆನ್ನಿಗೆ ಹೋದೆ. ಸಾಹುಕಾರ ತಲೆಯೆತ್ತದೆ, "ನನ್ನನ್ನ ಕೇಳ್ಬೇಡ. ನ್ಯಾಯಾಧಿಕಾರಿಗಳ ಹತ್ರ ಕಾಗದ ಇದೆ, ಓದಿಸ್ಕೋ," ಎಂದ.

ನ್ಯಾಯಾಧಿಕಾರಿ ಒಳ್ಳೆಯ ಮುದುಕ. ಅಡುಗೆಮನೆಗೇ ಕರೆದು ಇಬ್ಬರನ್ನೂ ಕೂರಿಸಿ ಕನ್ನಡಕ ಹಾಕಿಕೊಂಡು ಓದಿದರು. ಗಾಳಿ ತಗ್ಗಿ ಹಡಗಿಗೆ ಅಪಾಯ ಕಳೆದ ಬಳಿಕ, ಸದರಿ ಹಡಗಿನ ಕುದುರೆಯಾಳು ಅಸಾಹೆಲ್ ಎಂಬುವನು ಬೆದರಿ ಬುದ್ಧಿಗೆಟ್ಟು, ಕಪ್ತಾನನ ಅಪ್ಪಣೆಯಿಲ್ಲದೆ, ಹಡಗಿನವರ ಒಪ್ಪಿಗೆ ಕೇಳದೆ, ಇಪ್ಪತ್ತು ಕುದುರೆಗಳನ್ನೂ ತಾನೊಬ್ಬನೇ ಸಮುದ್ರಕ್ಕೆ ತಳ್ಳಿದನು; ಬೇರೆ ಯಾರ ಕೈಯೂ ಹಗ್ಗ ಮುಟ್ಟಲಿಲ್ಲ.

ನ್ಯಾಯಾಧಿಕಾರಿ ಕನ್ನಡಕದ ಮೇಲಿಂದ ನೋಡಿದರು. "ಈ ಕೊನೇ ಮಾತು ನಿಜವೇನಪ್ಪಾ?"

"ನಿಜ ಸ್ವಾಮಿ," ಎಂದ ಅಸಾಹೆಲ್.

ನಾನು ಅವನ ತೋಳು ಚಿವುಟಿದೆ. "ಲೋ, ಬಾಯಿ ಮುಚ್ಚೋ. ಮೊದ್ಲು ಕಪ್ತಾನ ಹೇಳಿದ್ದನ್ನ ಹೇಳೋ."

"ಅವ್ರು ಕೇಳಿದ್ದು ಇದೊಂದನ್ನೇ ಅಲ್ವಾ ಅಕ್ಕಾ. ಇದು ನಿಜಾನೇ. ಆದ್ರೆ ಇಪ್ಪತ್ತಲ್ಲ ಸ್ವಾಮಿ, ಇಪ್ಪತ್ತಾರು. ತಪ್ಪಾಗಿ ಬರೆದಿದ್ದಾರೆ."

ಇಂಥ ಪ್ರಾಣಿಯನ್ನು ಕಟ್ಟಿಕೊಂಡು ನಾನೇನು ಮಾಡಲಿ? ತನ್ನ ಕುತ್ತಿಗೆಯ ಹಗ್ಗಕ್ಕೆ ತಾನೇ ಇನ್ನಾರು ಗಂಟು ಹಾಕಿಕೊಂಡ. ಆರು ಯಾರದು ಎಂದು ಮುದುಕರು ಕೇಳಿದರು. ಕಪ್ತಾನರದು ಎಂದ. ಮೂವರು ಪ್ರಮಾಣ ಮಾಡಿ ಇಪ್ಪತ್ತು ಅಂದಿದ್ದಾರಲ್ಲ ಎಂದರು. ಆಗ ಅವನು ಬಾಗಿಲು ಬಡಿದದ್ದು, ಒಳಗಿಂದ ಬಂದ ಮಾತು, ನಾಲ್ಕು ಜನರನ್ನು ಕೇಳಿದ್ದು ಎಲ್ಲ ಹೇಳಿದ.

"ಇದಕ್ಕೆ ಸಾಕ್ಷಿ ಯಾರಿದ್ದಾರಪ್ಪಾ?"

ಅಸಾಹೆಲ್‌ನ ಮುಖ ಅರಳಿತು. ಆ ದಿನವೆಲ್ಲ ಅವನ ಮುಖದಲ್ಲಿ ಬೆಳಕು ಕಂಡಿದ್ದು ಆಗಲೇ. "ನನ್ನ ಭಾವ ಪಕ್ಕದಲ್ಲೇ ನಿಂತಿದ್ದ ಸ್ವಾಮಿ. ಎಲ್ಲಾ ಅವನ ಕಿವಿಯಾರೆ ಕೇಳಿದ್ದಾನೆ. ಅವನನ್ನ ಕರೆಸಿ ಕೇಳಿ, ಮುಗೀತು."

 ಮುದುಕರು ಕಾಗದವನ್ನು ಮೇಜಿನ ಮೇಲಿಟ್ಟು ನನ್ನ ಕಡೆಗೆ ಸರಿಸಿದರು. ಕೆಳಗೆ ಮೂರು ಸಹಿ. ಮೊದಲನೆಯದು ಕಪ್ತಾನನದು, ಎರಡನೆಯದು ಹಡಗಿನಲ್ಲಿದ್ದ ಅವನ ಸೋದರಳಿಯನದು. ಮೂರನೆಯ ಕಡೆ ನೋಡಿದೆ. ಮದುವೆಯಾದ ಹೊಸತರಲ್ಲಿ ರೂಫಸ್‌ಗೆ ಹೆಸರು ಬರೆಯಲು ಬರುತ್ತಿರಲಿಲ್ಲ, ಎಲ್ಲ ನಾವಿಕರ ಹಾಗೆ ಗೀಟು ಎಳೆಯುತ್ತಿದ್ದ. ಒಂದು ಚಳಿಗಾಲವಿಡೀ ಒಲೆಯ ಮುಂದೆ ಕೂತು, ಇದ್ದಿಲಿನಲ್ಲಿ ಹಲಗೆಯ ಮೇಲೆ ಬರೆಸಿ, ಕೈ ಹಿಡಿದು ತಿದ್ದಿಸಿದವಳು ನಾನು. ಮೊದಲಕ್ಷರದ ಕಾಲು ಯಾವಾಗಲೂ ಉದ್ದ ಎಳೆಯುತ್ತಿದ್ದ, ಎಷ್ಟು ಹೇಳಿದರೂ ಸರಿಹೋಗಲಿಲ್ಲ. ಇಲ್ಲೂ ಉದ್ದವಾಗಿತ್ತು.

"ಏನಕ್ಕಾ ಅದು?" ಎಂದ ಅಸಾಹೆಲ್. ಅವನಿಗೆ ಓದಲು ಬರುವುದಿಲ್ಲ. ನಾನೇ ಹೇಳಬೇಕಾಯಿತು.

 ಕೇಳಿದವನು ಟೋಪಿಯನ್ನು ಮಡಿಲಿನಿಂದ ಎತ್ತಿಕೊಂಡು, ನ್ಯಾಯಾಧಿಕಾರಿಗೆ ತಲೆಬಾಗಿ, ಎದ್ದು ಹೋದ. ನಾನು ಹಿಂದೆ ಹೋಗಿ ಕೂಗಿದೆ. ತಿರುಗಿ ನೋಡಲಿಲ್ಲ.

ಮನೆಗೆ ಬಂದಾಗ ರೂಫಸ್ ಅಂಗಳದಲ್ಲಿ ಕೂತು ಚಾಕು ಮಸೆಯುತ್ತಿದ್ದ. ನಾನಿನ್ನೂ ಬೇಲಿ ದಾಟಿರಲಿಲ್ಲ, ಬಾಯಿ ಬಿಟ್ಟಿರಲಿಲ್ಲ. "ಎಲ್ಲರೂ ಹಾಗೇ ಹೇಳೋಣ ಅಂದ್ರು ಕಣೆ," ಎಂದುಬಿಟ್ಟ. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಂಡರಂತೆ; ಇವನು ಕಳ್ಳ ಅನ್ನುವ ಮೊದಲೇ ಮುಟ್ಟಿಕೊಂಡ.

"ಎಲ್ಲರೂ ಅಂದ್ರೆ ಯಾರು?"

"ಕಪ್ತಾನರು. ಅವರ ಸೋದರಳಿಯ. ಆರು ಕುದುರೆ ವಿಷಯ ಸಾಹುಕಾರರಿಗೆ ಗೊತ್ತಾದ್ರೆ ಹೊಸ ಹಡಗು ಕೈ ತಪ್ಪತ್ತೆ ಅಂದ್ರು. ಅಸಾಹೆಲ್‌ಗೇನು, ಹೆಂಡ್ತಿಯಾ ಮಕ್ಕಳಾ, ಒಂದು ವರ್ಷ ಜನ ಆಡ್ಕೋತಾರೆ, ಆಮೇಲೆ ನಾನೇ ಕರೆದು ಕೆಲಸ ಕೊಡ್ತೀನಿ ಅಂದ್ರು."

"ದೇವರ ಪುಸ್ತಕದ ಮೇಲೆ ಕೈ ಇಟ್ಟೆಯಲ್ಲೋ ಪಾಪಿ. ನನ್ನ ಕೈಯಡುಗೆ ಉಂಡು, ಅವನ ಹೊದಿಕೆ ಸರಿಮಾಡಿ, ಅಲ್ಲಿಂದ ನೇರ ಹೋಗಿ ಅವನ ಕತ್ತು ಕೊಯ್ದೆಯಲ್ಲ."

"ನಿನಗೋಸ್ಕರಾನೂ ಅಲ್ವಾ? ಹತ್ತೊಂಬತ್ತು ವರ್ಷ ಹಗ್ಗ ಎಳೆದಿದೀನಿ ಜೆರುಷಾ. ಇದೊಂದು ಅವಕಾಶ. ಕುದುರೆ ಹೇಗೂ ಸತ್ತಿದ್ವು. ಅವನ ಪ್ರಾಣವೇನೂ ಹೋಗ್ಲಿಲ್ಲವಲ್ಲ."

"ಹೋಗಿದ್ರೆ ಮಣ್ಣು ಮಾಡಿ ಅತ್ತು ಸುಮ್ನಾಗ್ತಿದ್ದೆ. ನಾಳೆ ಹೋಗಿ ಸತ್ಯ ಬರೆಸು."

ಅವನು ಚಾಕುವಿನ ಅಲಗನ್ನು ಹೆಬ್ಬೆರಳಿನಿಂದ ನೋಡಿದ. "ಸುಳ್ಳು ಪ್ರಮಾಣಕ್ಕೆ ಊರ ನಡುವೆ ಕಂಬಕ್ಕೆ ಕಟ್ತಾರೆ. ಆಗಲ್ಲ," ಎಂದ. ಆಮೇಲೆ ನಾನು ಏನೇನು ಬೈದೆನೋ ನೆನಪಿಲ್ಲ. ಹಡಗಿನಲ್ಲಿದ್ದ ಉಳಿದಿಬ್ಬರು ಚಳಿಗಾಲದಲ್ಲೇ ಬೇರೆ ಹಡಗು ಹತ್ತಿ ಹೋಗಿದ್ದರು. ಆ ಸಂಜೆಯೇ ನಾನೇ ನ್ಯಾಯಾಧಿಕಾರಿಯ ಬಳಿಗೆ ಇನ್ನೊಮ್ಮೆ ಹೋದೆ. ಗಂಡ ಬಾಯಿಬಿಡದೆ ಹೆಂಡತಿಯ ಮಾತಿನಿಂದ ಕಾಗದ ಬದಲಾಗುವುದಿಲ್ಲಮ್ಮಾ ಎಂದರು. ಕಪ್ತಾನನ ಮನೆಯ ಬಾಗಿಲಿಗೆ ಹೋಗಿ ದಾರಿಯ ಜನವೆಲ್ಲ ನಿಲ್ಲುವ ಹಾಗೆ ಕೂಗಾಡಿದೆ. ಒಳಗಿನಿಂದ ಅಗಳಿ ಹಾಕಿಕೊಂಡ. ಅದೊಂದು ವಿದ್ಯೆ ಅವನಿಗೆ ಚೆನ್ನಾಗಿ ಬರುತ್ತದೆ.

ಮಾರನೇ ಬೆಳಿಗ್ಗೆ ಅಸಾಹೆಲ್ ಬಂದ. ರೂಫಸ್ ಹೊಸ ಹಡಗಿನ ಕೆಲಸಕ್ಕೆ ಹೋಗಿದ್ದ. ಹುಡುಗ ತನ್ನ ಎರಡು ಅಂಗಿ, ಕಂಬಳಿ ಗಂಟು ಕಟ್ಟಿದ. ಮೂರು ಬೆರಳಿನ ಕೈಯಲ್ಲಿ ಗಂಟು ನಿಲ್ಲಲಿಲ್ಲ. ನಾನು ಹತ್ತಿರ ಹೋದರೆ ಕೈ ಹಿಂದಕ್ಕೆ ತೆಗೆದುಕೊಂಡು ಹಲ್ಲಿನಿಂದ ಎಳೆದು ಬಿಗಿದ.

"ನಿಂಗೆ ಗೊತ್ತಿತ್ತಾ ಅಕ್ಕಾ?"

"ನಿನ್ನಾಣೆಗೂ ಗೊತ್ತಿರ್ಲಿಲ್ಲ ಕಣೋ."

"ಆಣೆ ಬೇಡ. ಆಣೆ ಎಲ್ಲರೂ ಮಾಡ್ತಾರೆ." ಗಂಟನ್ನು ಹೆಗಲಿಗೇರಿಸಿದ. "ಇಷ್ಟು ವರ್ಷ ಕೊಡದ ಕೆಲಸಾನ, ಕುದುರೆಯೆಲ್ಲಾ ಕಳ್ಕೊಂಡು ಬಂದ ಎರಡೇ ವಾರಕ್ಕೆ ಭಾವನ್ನ ಕರೆದು ಕೊಟ್ರಲ್ಲ. ಯಾಕೆ ಕೊಟ್ರು ಅಂತ ನೀನು ಕೇಳ್ಲಿಲ್ವಾ? ನಾನು ದಡ್ಡ, ಕೇಳ್ಲಿಲ್ಲ. ನೀನು ದಡ್ಡಿ ಅಲ್ವಲ್ಲ."

 ಆ ಪ್ರಶ್ನೆ ನನಗೂ ಬಂದಿತ್ತು. ಹಿಟ್ಟು ಕಲಸುತ್ತಿರುವಾಗ ಒಂದು ದಿನ ಬಂದಿತ್ತು: ಇವನಿಗೇ ಯಾಕೆ, ಈಗಲೇ ಯಾಕೆ? ಆದರೆ ಪ್ರಾರ್ಥನಾಮಂದಿರದಲ್ಲಿ ಅಂತಸ್ತು ನೋಡಿ ಬೆಂಚು ಕೊಡುತ್ತಾರೆ, ಉಪಕಪ್ತಾನನ ಹೆಂಡತಿಗೆ ಮೂರು ಸಾಲು ಮುಂದೆ. ಆ ವಾರ ನನ್ನ ಹೆಸರನ್ನು ಮುಂದಿನ ಸಾಲಿಗೆ ಏರಿಸಿದ್ದರು. ನಾನು ಪ್ರಶ್ನೆಯನ್ನು ಅಲ್ಲಿಗೇ ಬಿಟ್ಟು ಹಿಟ್ಟು ನಾದಿದೆ. ನನ್ನ ಮುಖದಲ್ಲಿ ಅದನ್ನು ಓದಿದನೆಂದು ಕಾಣುತ್ತದೆ, ಅಕ್ಷರ ಬಾರದಿದ್ದರೂ. ಬಾಗಿಲು ದಾಟಿ ಹೊರಟ.

ಅವನಿಗೆ ಯಾರೂ ಮತ್ತೆ ಕುದುರೆ ಕೊಡಲಿಲ್ಲ. ಹಡಗುಗಳಿಲ್ಲದ ಕಡೆ, ನದಿಯ ಮೇಲೆ ಎರಡು ದಿನದ ದಾರಿಯಲ್ಲಿ, ಒಬ್ಬರ ಹೊಲದಲ್ಲಿ ಎತ್ತು ಹೂಡುತ್ತಾನೆ. ಕುದುರೆಯ ಲಾಯದ ಹತ್ತಿರವೂ ಸುಳಿಯುವುದಿಲ್ಲವಂತೆ. ನಾಲ್ಕು ಪತ್ರ ಬರೆದು ಅಲ್ಲಿನ ಪಾದ್ರಿಗಳ ಕೈಲಿ ಓದಿಸಿದೆ, ಉತ್ತರವಿಲ್ಲ. ರೂಫಸ್ ಎರಡು ಪ್ರಯಾಣದ ನಡುವೆ ಮನೆಗೆ ಬರುತ್ತಾನೆ. ಬಡಿಸುತ್ತೇನೆ, ಉಣ್ಣುತ್ತಾನೆ. ಉಂಡ ಮನೆಗೆ ಎರಡು ಬಗೆದವನ ಎದುರು ಕೂತು ಊಟ ಮಾಡಲಾರೆ, ಅವನು ಎದ್ದ ಮೇಲೆ ಉಣ್ಣುತ್ತೇನೆ.

ಕಳೆದ ವರ್ಷ ಸುಗ್ಗಿ ಮುಗಿದ ಮೇಲೆ ನಾನೇ ಅಸಾಹೆಲ್‌ನನ್ನು ನೋಡಲು ಹೋದೆ. ತಲೆ ನರೆತಿದೆ. ಎತ್ತುಗಳನ್ನು ನಿಲ್ಲಿಸಿ ಬಂದು, ನೆರಳಿನಲ್ಲಿ ಕೂರಿಸಿ, ಬಾವಿಯಿಂದ ತಣ್ಣನೆ ನೀರು ಸೇದಿ ಕೊಟ್ಟ. ದಾರಿ ಹೇಗಿತ್ತು ಎಂದು ಕೇಳಿದ, ಮಳೆ ಬರುವ ಮುಂಚೆ ಹೊರಡುವುದು ಒಳ್ಳೆಯದು ಎಂದ. ತಿನ್ನಲು ರೊಟ್ಟಿ ಕಟ್ಟಿಕೊಟ್ಟು ರಸ್ತೆಯವರೆಗೂ ಬಂದು ಕಳಿಸಿದ. ಬೆಳಿಗ್ಗೆಯಿಂದ ಮಧ್ಯಾಹ್ನದವರೆಗೆ ಅವನ ಜೊತೆಗಿದ್ದೆ. ಒಂದು ಸಲವೂ ಅಕ್ಕಾ ಎನ್ನಲಿಲ್ಲ.